ಯಾರೂ ಹೇಳದ ‘ಒಲ್ಲೆ’

2003ರ ಮಾರ್ಚ್ 1, ಶನಿವಾರ. ಟರ್ಕಿಯ ದಕ್ಷಿಣ ಕರಾವಳಿಯ ಇಸ್ಕೆಂದರುನ್ ಬಂದರಿನ ಆಚೆ ಅಮೆರಿಕದ ಹಡಗುಗಳು ಲಂಗರು ಹಾಕಿಕೊಂಡು ದಿನ ಎಣಿಸುತ್ತಿದ್ದವು. ಅವುಗಳ ಹೊಟ್ಟೆಯಲ್ಲಿ ನಾಲ್ಕನೇ ಪದಾತಿ ಡಿವಿಜನ್ನಿನ ಟ್ಯಾಂಕುಗಳು, ಫಿರಂಗಿಗಳು, ಸಾವಿರಾರು ವಾಹನಗಳು. ಸದ್ದಾಂ ಹುಸೇನರ ಇರಾಕಿಗೆ ಉತ್ತರದ ಬಾಗಿಲಿನಿಂದ ನುಗ್ಗಬೇಕಾಗಿದ್ದ ಸೇನೆ ಅದು. ದಕ್ಷಿಣದ ಬಾಗಿಲಾದ ಕುವೈತ್ ಆಗಲೇ ತೆರೆದಿತ್ತು. ಉತ್ತರದ ಬಾಗಿಲಿನ ಬೀಗದ ಕೈ ಮಾತ್ರ ಅಂಕಾರಾದ ಸಂಸತ್ತಿನಲ್ಲಿತ್ತು.

ಆ ದಿನ ಸಂಸತ್ತಿನ ಒಳಗೆ ಗುಪ್ತ ಅಧಿವೇಶನ. ಹೊರಗೆ, ಸ್ವಲ್ಪ ದೂರದ ಸಿಹಿಯೆ ಚೌಕದಲ್ಲಿ, ಹತ್ತಾರು ಸಾವಿರ ಜನ ಯುದ್ಧ ಬೇಡವೆಂದು ಕೂಗುತ್ತಿದ್ದರು. ಒಳಗೆ ಚರ್ಚೆಯಾಗುತ್ತಿದ್ದ ಸರ್ಕಾರದ ಕೋರಿಕೆಗೆ ಟರ್ಕಿಯ ಜನ ‘ತೆಜ್ಕೆರೆ’ ಎನ್ನುತ್ತಾರೆ. 62,000 ಅಮೆರಿಕನ್ ಸೈನಿಕರು, 255 ವಿಮಾನಗಳು, 65 ಹೆಲಿಕಾಪ್ಟರುಗಳು ಆರು ತಿಂಗಳ ಮಟ್ಟಿಗೆ ಟರ್ಕಿಯ ನೆಲದಲ್ಲಿ ಇರಬಹುದು. ಟರ್ಕಿಯ ಸೇನೆಯೂ ಗಡಿ ದಾಟಿ ಉತ್ತರ ಇರಾಕಿಗೆ ಹೋಗಬಹುದು. ಇದಕ್ಕೆ ಒಪ್ಪಿಗೆ ಬೇಕಿತ್ತು.

ಸಂಜೆ ಮತ ಎಣಿಸಿದಾಗ ಪರವಾಗಿ 264, ವಿರುದ್ಧ 250, ತಟಸ್ಥ 19. ಗೊತ್ತುವಳಿ ಗೆದ್ದಿತೆಂದೇ ಮೊದಲು ಸುದ್ದಿ ಹರಡಿತು. 264 ಎಂಬುದು 250ಕ್ಕಿಂತ ದೊಡ್ಡದು ತಾನೆ? ಆದರೆ ವಿರೋಧ ಪಕ್ಷದವರು ಸಂವಿಧಾನದ ಪುಸ್ತಕ ತೆಗೆದರು. ಟರ್ಕಿಯ ಸಂವಿಧಾನದ 96ನೇ ವಿಧಿಯ ಪ್ರಕಾರ ನಿರ್ಣಯ ಗೆಲ್ಲಬೇಕಾದರೆ ಹಾಜರಿದ್ದವರಲ್ಲಿ ಅರ್ಧಕ್ಕಿಂತ ಹೆಚ್ಚು ಜನ ‘ಹೌದು’ ಎನ್ನಬೇಕು. ಹಾಜರಿದ್ದವರು 533. ಬೇಕಿದ್ದದ್ದು 267. ಸ್ಪೀಕರ್ ಬುಲೆಂತ್ ಅರಿಂಚ್ ಗೊತ್ತುವಳಿ ಬಿದ್ದುಹೋಗಿದೆ ಎಂದು ಘೋಷಿಸಿದರು. ಜಗತ್ತಿನ ಅತಿ ಬಲಿಷ್ಠ ಸೇನೆಯ ಯುದ್ಧಯೋಜನೆ ಮೂರು ಮತಗಳ ಕೊರತೆಯಿಂದ ಕಡಲಿನಲ್ಲೇ ಉಳಿಯಿತು.

ಈ ಪ್ರಸಂಗವನ್ನು ಸಾಮಾನ್ಯವಾಗಿ ಎರಡು ಬಗೆಯಲ್ಲಿ ಹೇಳುತ್ತಾರೆ. ದೊಡ್ಡಣ್ಣನಿಗೆ ಎದುರು ನಿಂತ ಸ್ವಾಭಿಮಾನಿ ಸಂಸತ್ತಿನ ಕತೆ ಎಂದು ಒಂದು ಕಡೆಯವರು. ಅನನುಭವಿ ಸರ್ಕಾರವೊಂದು ಕೈಗೆ ಬಂದ ತುತ್ತನ್ನು ಚೆಲ್ಲಿಕೊಂಡ ಕತೆ ಎಂದು ಇನ್ನೊಂದು ಕಡೆಯವರು. ನನಗೆ ಎರಡೂ ಅಷ್ಟಾಗಿ ಒಪ್ಪಿಗೆಯಾಗುವುದಿಲ್ಲ. ಆ ದಿನ ಟರ್ಕಿಯ ಹೊಣೆಗಾರರಲ್ಲಿ ಯಾರೊಬ್ಬರೂ ಅಮೆರಿಕಕ್ಕೆ ನೆಟ್ಟಗೆ ‘ಒಲ್ಲೆ’ ಎನ್ನಲಿಲ್ಲ. ‘ಆಗಲಿ’ ಎಂದು ಎದೆತಟ್ಟಿ ಹೇಳಿದವರೂ ಇಲ್ಲ. ಪ್ರಧಾನಿ, ರಾಷ್ಟ್ರಾಧ್ಯಕ್ಷರು, ಸೇನಾಪತಿ, ಪಕ್ಷದ ನಾಯಕ ಎಲ್ಲರೂ ಬಿಸಿ ಕೆಂಡವನ್ನು ಪಕ್ಕದವರ ಅಂಗೈಗೆ ದಾಟಿಸುತ್ತ ಹೋದರು. ಕೊನೆಗೆ ಅದು ಬಿದ್ದದ್ದು ಹಿಂದಿನ ಬೆಂಚುಗಳಲ್ಲಿ ಕೂತಿದ್ದ, ಸಂಸತ್ತಿಗೆ ಬಂದು ನಾಲ್ಕು ತಿಂಗಳೂ ಆಗಿರದ ಸದಸ್ಯರ ಅಂಗೈಯಲ್ಲಿ.

ಅಷ್ಟು ಭಯ ಏಕಿತ್ತು ಎಂದು ತಿಳಿಯಲು ಹಿಂದಕ್ಕೆ ಹೋಗಬೇಕು.

ನಡುಗಾತ್ರದ ದೇಶದ ಪಾಡು ನಮ್ಮ ಮಧ್ಯಮ ವರ್ಗದ ಸಂಸಾರದಂಥದು. ಬಡವನಂತೆ ಕೈಚಾಚಲು ಮಾನ ಬಿಡುವುದಿಲ್ಲ, ಸಾಹುಕಾರನಂತೆ ಬೇಡವೆನ್ನಲು ಗಂಟು ಬಿಡುವುದಿಲ್ಲ. 1952ರಲ್ಲಿ ನ್ಯಾಟೋ ಕೂಟ ಸೇರಿದ ಟರ್ಕಿ ಸೋವಿಯತ್ ಒಕ್ಕೂಟದ ಪಕ್ಕದ ಮನೆ. ರಕ್ಷಣೆಗೆ ಅಮೆರಿಕ ಬೇಕು. ಆದರೆ ಬೇಕಾದ ಹೊತ್ತಿಗೆ ಅಮೆರಿಕ ಇರುತ್ತದೆಯೇ ಎಂಬ ಅನುಮಾನ ಅಲ್ಲಿ ಬಹಳ ಹಳೆಯದು. 1962ರ ಕ್ಯೂಬಾ ಬಿಕ್ಕಟ್ಟಿನಲ್ಲಿ ಕೆನಡಿ ಮತ್ತು ಕ್ರುಶ್ಚೇವ್ ಗುಟ್ಟಾಗಿ ಮಾಡಿಕೊಂಡ ಒಪ್ಪಂದದಂತೆ ಟರ್ಕಿಯಲ್ಲಿದ್ದ 15 ಜುಪಿಟರ್ ಕ್ಷಿಪಣಿಗಳನ್ನು ಮರುವರ್ಷ ಎತ್ತಿಕೊಂಡು ಹೋದರು. ಆ ವ್ಯವಹಾರವನ್ನು ಟರ್ಕಿಗೆ ತಿಳಿಸಿರಲಿಲ್ಲ. 1964ರ ಜೂನ್ 5ರಂದು ಅಧ್ಯಕ್ಷ ಜಾನ್ಸನ್ ಪ್ರಧಾನಿ ಇಸ್ಮೆತ್ ಇನೊನು ಅವರಿಗೆ ಬರೆದ ಪತ್ರ ಇನ್ನೂ ಖಾರವಾಗಿತ್ತು. ಸೈಪ್ರಸ್ಸಿಗೆ ಸೇನೆ ಕಳಿಸಿದರೆ, ಅದರಿಂದ ಸೋವಿಯತ್ ದಾಳಿಯಾದರೆ, ನ್ಯಾಟೋ ನಿಮ್ಮ ನೆರವಿಗೆ ಬರುತ್ತದೆಂಬ ಭರವಸೆ ಇಟ್ಟುಕೊಳ್ಳಬೇಡಿ. ನಾವು ಕೊಟ್ಟ ಆಯುಧಗಳನ್ನೂ ಅದಕ್ಕೆ ಬಳಸುವಂತಿಲ್ಲ ಎಂಬುದು ತಾತ್ಪರ್ಯ. ಇನೊನು ಸೇನೆಯನ್ನು ಕಳಿಸಲಿಲ್ಲ. 1966ರಲ್ಲಿ ಪತ್ರ ಪತ್ರಿಕೆಯಲ್ಲಿ ಅಚ್ಚಾದಾಗ ಇಡೀ ದೇಶ ಅದನ್ನು ಓದಿ ಕುದಿಯಿತು. ಹತ್ತು ವರ್ಷದ ನಂತರ, 1974ರ ಜುಲೈನಲ್ಲಿ, ಬುಲೆಂತ್ ಎಜೆವಿತ್ ಪ್ರಧಾನಿಯಾಗಿದ್ದಾಗ, ಸೇನೆ ಸೈಪ್ರಸ್ಸಿಗೆ ಹೋಗಿಯೇ ಹೋಯಿತು. ಈ ಎಜೆವಿತ್ ಟಾಗೋರರ ಗೀತಾಂಜಲಿಯನ್ನು ತಮ್ಮ ಭಾಷೆಗೆ ತಂದ ಕವಿ ಎಂಬುದನ್ನು ನಮ್ಮವರು ನೆನಪಿಟ್ಟುಕೊಳ್ಳಬಹುದು. ಅಮೆರಿಕದ ಸಂಸತ್ತು 1975ರಿಂದ ಮೂರು ವರ್ಷ ಆಯುಧ ಮಾರಾಟ ನಿಲ್ಲಿಸಿತು. ಟರ್ಕಿ ಅಮೆರಿಕದ ನೆಲೆಗಳ ಕೆಲಸ ನಿಲ್ಲಿಸಿತು. ಎರಡೂ ಕಡೆ ಮುನಿಸು, ಎರಡೂ ಕಡೆ ನಷ್ಟ.

ಇವೆಲ್ಲ ಹಳೆಯ ಗಾಯಗಳು. 2003ರಲ್ಲಿ ನಿಜವಾಗಿ ನೋಯುತ್ತಿದ್ದದ್ದು 1991ರ ಗಾಯ.

1990ರ ಆಗಸ್ಟ್ 2ರಂದು ಸದ್ದಾಂ ಕುವೈತನ್ನು ನುಂಗಿದಾಗ ಟರ್ಕಿಯ ರಾಷ್ಟ್ರಾಧ್ಯಕ್ಷರಾಗಿದ್ದವರು ತುರ್ಗುತ್ ಓಜಾಲ್. ಗುಂಡುಗುಂಡಗಿನ, ಆತ್ಮವಿಶ್ವಾಸ ತುಂಬಿ ತುಳುಕುವ ಮನುಷ್ಯ. ಶೀತಲ ಸಮರ ಮುಗಿದ ಮೇಲೆ ಪಶ್ಚಿಮಕ್ಕೆ ಟರ್ಕಿಯ ಬೆಲೆ ಇಳಿದುಹೋಗುತ್ತದೆ ಎಂಬ ಚಿಂತೆ ಅವರಿಗಿತ್ತು. ಬೆಲೆ ಏರಿಸಿಕೊಳ್ಳಲು ಇದೇ ತಕ್ಕ ಸಮಯವೆಂದು ಬಗೆದರು. ವಾರ ಕಳೆಯುವುದರೊಳಗೆ ಕಿರ್ಕುಕ್‌ನಿಂದ ಮೆಡಿಟರೇನಿಯನ್ ತೀರದ ಯುಮುರ್ತಾಲಿಕ್‌ಗೆ ಇರಾಕಿನ ತೈಲ ತರುತ್ತಿದ್ದ ಕೊಳವೆಮಾರ್ಗ ಮುಚ್ಚಿತು. ವಿದೇಶಾಂಗ ಇಲಾಖೆಯ ಕಡತಗಳಿಗೆ ಕಾಯದೆ ಅಧ್ಯಕ್ಷ ಬುಷ್ ಅವರೊಂದಿಗೆ ಫೋನಿನಲ್ಲೇ ಮಾತು ಮುಗಿಸುತ್ತಿದ್ದರು. ಅಕ್ಟೋಬರಿನಲ್ಲಿ ವಿದೇಶಾಂಗ ಸಚಿವ ಅಲಿ ಬೊಜೆರ್ ರಾಜೀನಾಮೆ ಕೊಟ್ಟರು, ಬೆನ್ನಿಗೇ ರಕ್ಷಣಾ ಸಚಿವ ಸಫಾ ಗಿರಾಯ್. ಡಿಸೆಂಬರಿನಲ್ಲಿ ಮಹಾದಂಡನಾಯಕ ನೆಜಿಪ್ ತೊರುಮ್ತಾಯ್ ಹೊರಟುಹೋದರು. ದಂಗೆಯೆದ್ದು ಸರ್ಕಾರ ಬೀಳಿಸಿದ ಸೇನಾಧಿಕಾರಿಗಳನ್ನು ಕಂಡಿದ್ದ ದೇಶಕ್ಕೆ, ನೀತಿ ಒಪ್ಪಿಗೆಯಾಗದೆ ಸುಮ್ಮನೆ ರಾಜೀನಾಮೆ ಕೊಟ್ಟ ಸೇನಾಪತಿ ಹೊಸ ಅನುಭವ.

‘ಒಂದು ಹೂಡಿ ಮೂರು ಎತ್ತುತ್ತೇವೆ’ ಎಂಬ ಅರ್ಥದ ಮಾತೊಂದು ಓಜಾಲರ ಹೆಸರಿಗೆ ಅಂಟಿಕೊಂಡಿದೆ. ಹೂಡಿದ್ದಂತೂ ಹೌದು. ಎತ್ತಿದ್ದು ಏನು? ಯುದ್ಧ ಮುಗಿದ ಮೇಲೆ ಇರಾಕಿನಲ್ಲಿ ಕುರ್ದರು ಬಂಡೆದ್ದರು. ಸದ್ದಾಂ ಸೇನೆ ತಿರುಗಿಬಿತ್ತು. 1991ರ ಏಪ್ರಿಲ್ ಹೊತ್ತಿಗೆ ಸುಮಾರು ಐದು ಲಕ್ಷ ಕುರ್ದರು ಮಂಜು ಕರಗದ ಗುಡ್ಡಗಳನ್ನು ಹತ್ತಿ ಟರ್ಕಿಯ ಗಡಿಗೆ ಬಂದು ನಿಂತರು. ಅವರ ರಕ್ಷಣೆಗೆಂದು ಉತ್ತರ ಇರಾಕಿನ ಆಕಾಶವನ್ನು ಅಮೆರಿಕ ಮತ್ತು ಬ್ರಿಟನ್ ಕಾಯತೊಡಗಿದವು, ಅದೂ ಟರ್ಕಿಯದೇ ಆದ ಇನ್ಜಿರ್ಲಿಕ್ ವಾಯುನೆಲೆಯಿಂದ. ಆ ನೆರಳಿನಲ್ಲಿ ಕುರ್ದರದ್ದೇ ಒಂದು ಆಡಳಿತ ಬೇರೂರಿತು. ಅದೇ ಗುಡ್ಡಗಳಲ್ಲಿ, ಟರ್ಕಿಯೊಂದಿಗೆ 1984ರಿಂದ ಬಂದೂಕಿನ ಜಗಳ ಹೂಡಿದ್ದ ಕುರ್ದ್ ಬಂಡುಕೋರ ಸಂಘಟನೆ ಪಿಕೆಕೆಗೂ ಅಡಗುದಾಣ ಸಿಕ್ಕಿತು. ತೊಂಬತ್ತರ ದಶಕ ಟರ್ಕಿಯ ಆಗ್ನೇಯ ಭಾಗಕ್ಕೆ ಸುಡುಗಾಡಿನ ದಶಕ. ಒಟ್ಟು ಸತ್ತವರು ಮೂವತ್ತು ಸಾವಿರಕ್ಕೂ ಹೆಚ್ಚು.

ಹಣದ ಲೆಕ್ಕ ಇನ್ನೊಂದು. ಇರಾಕಿನ ಮೇಲೆ ವಿಶ್ವಸಂಸ್ಥೆ ಹೇರಿದ ನಿರ್ಬಂಧದಿಂದ ಕೊಳವೆಮಾರ್ಗದ ಬಾಡಿಗೆ ನಿಂತಿತು. ಬಾಗ್ದಾದಿನಲ್ಲಿ ಕಟ್ಟಡ ಕಟ್ಟುತ್ತಿದ್ದ ಟರ್ಕಿಯ ಕಂಪನಿಗಳು ಬರಬೇಕಾದ ಹಣ ಬಾರದೆ ಕೂತವು. ಹಬುರ್ ಗಡಿದ್ವಾರದಲ್ಲಿ ಹಗಲೂ ರಾತ್ರಿ ಸಾಲುಗಟ್ಟುತ್ತಿದ್ದ ಲಾರಿಗಳು ನಿಂತುಹೋದವು. ನಂತರದ ವರ್ಷಗಳಲ್ಲಿ ಚಾಲಕರು ಲಾರಿಯ ಅಡಿಗೆ ಹೆಚ್ಚುವರಿ ಟ್ಯಾಂಕು ಕಟ್ಟಿಕೊಂಡು ಇರಾಕಿನ ಅಗ್ಗದ ಡೀಸೆಲ್ ತಂದು ಮಾರಿ ಹೊಟ್ಟೆ ಹೊರೆದರು. ಸರ್ಕಾರ ಕಣ್ಣು ಮುಚ್ಚಿಕೊಂಡಿತ್ತು. ಒಟ್ಟು ನಷ್ಟ ಹತ್ತಾರು ಶತಕೋಟಿ ಡಾಲರು ಎಂದು ಅಂಕಾರಾ ಹೇಳುತ್ತ ಬಂತು. ಆ ಲೆಕ್ಕದಲ್ಲಿ ಸ್ವಲ್ಪ ಉಬ್ಬರ ಇದ್ದಿರಬಹುದು. ಆದರೆ ಮಾರ್ದಿನ್, ಶಿರ್ನಾಕ್ ಕಡೆಯ ಲಾರಿಯವನಿಗೆ ಶತಕೋಟಿಯ ಲೆಕ್ಕ ಬೇಕಿರಲಿಲ್ಲ. ಮನೆಯ ಮುಂದೆ ತುಕ್ಕು ಹಿಡಿದು ನಿಂತ ಗಾಡಿ ಸಾಕಿತ್ತು. 1991ರ ಅಕ್ಟೋಬರ್ ಚುನಾವಣೆಯಲ್ಲಿ ಓಜಾಲರ ಪಕ್ಷ ಅಧಿಕಾರ ಕಳೆದುಕೊಂಡಿತು.

ಹನ್ನೆರಡು ವರ್ಷದ ನಂತರ ಇನ್ನೊಬ್ಬ ಬುಷ್, ಅದೇ ಸದ್ದಾಂ, ಅದೇ ಗಡಿ. ಈ ಸಲವೂ ನಿಮಗೆ ಪರಿಹಾರ ಕೊಡುತ್ತೇವೆ ಎಂದು ವಾಷಿಂಗ್ಟನ್ ಹೇಳಿದಾಗ ಟರ್ಕಿಯವರು ಅದನ್ನು ಬರವಣಿಗೆಯಲ್ಲಿ ಕೊಡಿ ಎಂದದ್ದು ಇದಕ್ಕೇ. ಅಮೆರಿಕದ ಪತ್ರಿಕೆಗಳು ಅದನ್ನು ದುರಾಸೆ ಎಂದು ತಿಳಿದು, ಟರ್ಕಿಯನ್ನು ಸಂತೆಯಲ್ಲಿ ಚೌಕಾಸಿ ಮಾಡುವ ಜಮಖಾನೆ ವ್ಯಾಪಾರಿಯಂತೆ, ಹೊಟ್ಟೆ ಕುಣಿಸಿ ಕಾಸು ಕೇಳುವ ನರ್ತಕಿಯಂತೆ ವ್ಯಂಗ್ಯಚಿತ್ರಗಳಲ್ಲಿ ಬರೆದವು. ಆ ಚಿತ್ರಗಳು ಅಂಕಾರಾದ ಪತ್ರಿಕೆಗಳಲ್ಲಿ ಮರುಮುದ್ರಣಗೊಂಡವು. ಹಣ ಬೇಕಿದ್ದವನನ್ನು ಹಣಕ್ಕಾಗಿ ಹಂಗಿಸಿದರೆ ಅವನು ಹಣವನ್ನೂ ಬಿಟ್ಟಾನು ಎಂಬುದು ಯಾವ ಲೇವಾದೇವಿಗಾರನಿಗೂ ಗೊತ್ತಿರುವ ಸಂಗತಿ. ವಾಷಿಂಗ್ಟನ್ನಿಗೆ ಗೊತ್ತಿದ್ದಂತೆ ಕಾಣಲಿಲ್ಲ.

ಹಣ ನಿಜಕ್ಕೂ ಬೇಕಿತ್ತು. 2001ರ ಫೆಬ್ರುವರಿ 19ರಂದು ರಾಷ್ಟ್ರೀಯ ಭದ್ರತಾ ಮಂಡಳಿಯ ಸಭೆಯಲ್ಲಿ ರಾಷ್ಟ್ರಾಧ್ಯಕ್ಷ ಅಹ್ಮೆತ್ ನೆಜ್ದೆತ್ ಸೆಜರ್, ಭ್ರಷ್ಟಾಚಾರದ ಮಾತಿಗೆ ಸಿಟ್ಟಾಗಿ, ಪ್ರಧಾನಿ ಎಜೆವಿತ್ ಕಡೆಗೆ ಸಂವಿಧಾನದ ಪುಸ್ತಕ ಎಸೆದಿದ್ದರು. ಎಜೆವಿತ್ ಹೊರಗೆ ಬಂದು ದೇಶದಲ್ಲಿ ಬಿಕ್ಕಟ್ಟಿದೆ ಎಂದು ಪತ್ರಕರ್ತರಿಗೆ ಹೇಳಿಬಿಟ್ಟರು. ಪುಸ್ತಕ ಬಿದ್ದ ರಭಸಕ್ಕೆ ಲಿರಾ ಬಿತ್ತು. ಮೊದಲೇ ಟೊಳ್ಳಾಗಿದ್ದ ಬ್ಯಾಂಕುಗಳು ಕುಸಿದವು. ಆ ವರ್ಷ ಅರ್ಥವ್ಯವಸ್ಥೆ ಶೇ 5ಕ್ಕಿಂತ ಹೆಚ್ಚು ಕುಗ್ಗಿತು. 2003ರ ಆರಂಭದಲ್ಲಿ ಒಂದು ಡಾಲರಿಗೆ ಹದಿನಾರು ಲಕ್ಷ ಲಿರಾ ಎಣಿಸಬೇಕಿತ್ತು. ಐಎಂಎಫ್ ಸಾಲದ ಕಂತು ಬಂದರೆ ಉಸಿರು, ಬಾರದಿದ್ದರೆ ಇಲ್ಲ ಎನ್ನುವ ಸ್ಥಿತಿ. ಐಎಂಎಫ್‌ನಲ್ಲಿ ಯಾರ ಮಾತು ನಡೆಯುತ್ತದೆ ಎಂಬುದು ಎಲ್ಲರಿಗೂ ಗೊತ್ತಿತ್ತು.

ಜನ ಆ ಸಿಟ್ಟನ್ನು 2002ರ ನವೆಂಬರ್ 3ರ ಚುನಾವಣೆಯಲ್ಲಿ ತೀರಿಸಿಕೊಂಡರು. ಎಜೆವಿತ್ ಪಕ್ಷಕ್ಕೆ ಬಂದದ್ದು ಶೇ 1ರ ಆಸುಪಾಸು ಮತ. ಶೇ 10ರ ಮಿತಿ ದಾಟದ ಪಕ್ಷಕ್ಕೆ ಸ್ಥಾನವೇ ಇಲ್ಲವೆಂಬ ನಿಯಮದಿಂದ ಹಳೆಯ ಪಕ್ಷಗಳು ಗುಡಿಸಿಹೋಗಿ, ಕೇವಲ ಶೇ 34 ಮತ ಪಡೆದ, ಒಂದೂವರೆ ವರ್ಷವೂ ತುಂಬಿರದ ಎಕೆಪಿ ಪಕ್ಷ 550ರಲ್ಲಿ 363 ಸ್ಥಾನ ಗೆದ್ದಿತು. ವಿರೋಧದಲ್ಲಿ ದೆನಿಜ್ ಬಾಯ್ಕಾಲರ ಸಿಎಚ್‌ಪಿ, 178. ಆದರೆ ಗೆದ್ದ ಪಕ್ಷದ ನಾಯಕ ರೆಜೆಪ್ ತಯ್ಯಿಪ್ ಎರ್ದೊಗಾನ್ ಸಂಸತ್ತಿನಲ್ಲೇ ಇರಲಿಲ್ಲ. 1997ರಲ್ಲಿ ಸೀರ್ತ್ ಊರಿನ ಸಭೆಯಲ್ಲಿ ಒಂದು ಪದ್ಯ ಓದಿದ್ದಕ್ಕೆ ಜೈಲು ಕಂಡು, ಚುನಾವಣೆಗೆ ನಿಲ್ಲುವ ಹಕ್ಕು ಕಳೆದುಕೊಂಡಿದ್ದರು. ಅವರ ಬದಲು ಪ್ರಧಾನಿಯಾದವರು ಅಬ್ದುಲ್ಲಾ ಗುಲ್. ಕುರ್ಚಿ ಒಬ್ಬರದು, ಪಕ್ಷ ಇನ್ನೊಬ್ಬರದು. ಇಂಥ ಸರ್ಕಾರ ಗದ್ದುಗೆಯೇರಿ ಕಾಲು ಚಾಚುವ ಮೊದಲೇ, ಡಿಸೆಂಬರ್ ಮೊದಲ ವಾರ, ಅಮೆರಿಕದ ಉಪ ರಕ್ಷಣಾ ಸಚಿವ ಪಾಲ್ ವುಲ್ಫೊವಿಟ್ಜ್ ಅಂಕಾರಾದಲ್ಲಿ ಇಳಿದರು. ಡಿಸೆಂಬರ್ 10ಕ್ಕೆ, ಯಾವ ಸರ್ಕಾರಿ ಹುದ್ದೆಯೂ ಇಲ್ಲದ ಎರ್ದೊಗಾನರಿಗೆ ಶ್ವೇತಭವನದಲ್ಲಿ ಆದರದ ಸ್ವಾಗತ ಸಿಕ್ಕಿತು.

ಗುಲ್ ಅವರಿಗೆ ಈ ಯುದ್ಧ ಬೇಕಿರಲಿಲ್ಲ. ಜನವರಿಯಲ್ಲಿ ಸಿರಿಯಾ, ಈಜಿಪ್ಟ್, ಜೋರ್ಡಾನ್, ಸೌದಿ ಅರೇಬಿಯಾ, ಇರಾನ್ ಸುತ್ತಿದರು. ಅದೇ ತಿಂಗಳು ಅವರ ಸಚಿವರೊಬ್ಬರು ನೂರಾರು ವ್ಯಾಪಾರಿಗಳ ದಂಡು ಕಟ್ಟಿಕೊಂಡು ಬಾಗ್ದಾದಿಗೆ ಹೋಗಿ ಸದ್ದಾಂರನ್ನೇ ಕಂಡು ಬಂದರು. 23ಕ್ಕೆ ನೆರೆದೇಶಗಳ ವಿದೇಶಾಂಗ ಸಚಿವರನ್ನು ಇಸ್ತಾಂಬುಲಿನಲ್ಲಿ ಕೂಡಿಸಿದರು. ಹೇಳಿಕೆ ಹೊರಬಂತು, ಯುದ್ಧದ ತಯಾರಿ ನಿಲ್ಲಲಿಲ್ಲ. ಇತ್ತ ಇದೇ ಸರ್ಕಾರ ಫೆಬ್ರುವರಿ 6ರಂದು, ಬಂದರು ಮತ್ತು ವಾಯುನೆಲೆಗಳನ್ನು ಅಮೆರಿಕದವರು ದುರಸ್ತಿ ಮಾಡಿಕೊಳ್ಳಲು ಸಂಸತ್ತಿನಿಂದ ಒಪ್ಪಿಗೆ ತೆಗೆದುಕೊಟ್ಟಿತು. 308 ಪರ, 193 ವಿರುದ್ಧ. ಒಂದು ಕೈಯಲ್ಲಿ ಶಾಂತಿಯ ಪತ್ರ, ಇನ್ನೊಂದು ಕೈಯಲ್ಲಿ ಬಂದರಿನ ಪರವಾನಗಿ. ಕಪಟ ಎನ್ನಬಹುದು. ಅಡಕತ್ತರಿಯಲ್ಲಿ ಸಿಕ್ಕ ಅಡಕೆಗೆ ಬೇರೆ ದಾರಿ ಏನಿತ್ತು ಎಂದೂ ಕೇಳಬಹುದು.

ಯುರೋಪಿನವರು ನೆರವಾದರೆ? ಟರ್ಕಿ ಯುರೋಪಿನ ಒಕ್ಕೂಟದ ಹೊಸ್ತಿಲಲ್ಲಿ ನಿಂತು ದಶಕಗಳೇ ಕಳೆದಿದ್ದವು. ಡಿಸೆಂಬರಿನ ಕೋಪನ್‌ಹೇಗನ್ ಸಭೆಯಲ್ಲಿ, ಇನ್ನೆರಡು ವರ್ಷ ಬಿಟ್ಟು ನೋಡೋಣ ಎಂಬ ಉತ್ತರ ಬಂತು. ಫೆಬ್ರುವರಿಯಲ್ಲಿ, ಇರಾಕ್ ತಿರುಗಿಬಿದ್ದರೆ ಟರ್ಕಿಯನ್ನು ಕಾಯುವ ಯೋಜನೆಯನ್ನು ನ್ಯಾಟೋದಲ್ಲಿ ಫ್ರಾನ್ಸ್, ಜರ್ಮನಿ, ಬೆಲ್ಜಿಯಂ ಕೆಲವು ದಿನ ತಡೆದು ಹಿಡಿದವು. ಅವುಗಳ ಜಗಳ ಅಮೆರಿಕದ ಜೊತೆ. ಪೆಟ್ಟು ಬಿದ್ದದ್ದು ಟರ್ಕಿಗೆ.

ಫೆಬ್ರುವರಿಯಿಡೀ ಚೌಕಾಸಿ. ವಿದೇಶಾಂಗ ಸಚಿವ ಯಶಾರ್ ಯಾಕಿಶ್ ಮತ್ತು ಅರ್ಥಸಚಿವ ಅಲಿ ಬಾಬಾಜಾನ್ ವಾಷಿಂಗ್ಟನ್ನಿಗೆ ಹೋಗಿ ಬಂದರು. ಕೊನೆಗೆ ನಿಂತ ಮೊತ್ತ ಸುಮಾರು 6 ಶತಕೋಟಿ ಡಾಲರ್ ಸಹಾಯಧನ, ಅದರ ಆಧಾರದ ಮೇಲೆ 20 ಶತಕೋಟಿಗೂ ಮೀರಿದ ಸಾಲ. ಆದರೆ ಅಮೆರಿಕದ ಸಂಸತ್ತು ಒಪ್ಪಬೇಕು. 1975ರಲ್ಲಿ ಆಯುಧ ನಿಲ್ಲಿಸಿದ್ದು ಅದೇ ಸಂಸತ್ತು ಎಂಬುದನ್ನು ಟರ್ಕಿ ಮರೆತಿರಲಿಲ್ಲ. ಹಣಕ್ಕಿಂತ ಜಟಿಲವಾದ ವಿಷಯ ಉತ್ತರ ಇರಾಕ್. ನಮ್ಮ ಸೇನೆ ಅಲ್ಲಿಗೆ ಹೋಗಬೇಕು, ಕುರ್ದರು ಸ್ವತಂತ್ರ ದೇಶ ಕಟ್ಟಿಕೊಳ್ಳದಂತೆ ನೋಡಿಕೊಳ್ಳಬೇಕು ಎಂಬುದು ಅಂಕಾರಾದ ಹಟ. ಇರಾಕಿನ ಕುರ್ದರಿಗೋ ಸದ್ದಾಂಗಿಂತ ಟರ್ಕಿಯ ಸೇನೆಯ ಭಯ. ಅಮೆರಿಕಕ್ಕೆ ಇಬ್ಬರೂ ಬೇಕು. ಇತ್ತ ಟರ್ಕಿಯ ಜನ ಯಾವ ಸಮೀಕ್ಷೆಯಲ್ಲಿ ಕೇಳಿದರೂ, ಹತ್ತರಲ್ಲಿ ಎಂಟೊಂಬತ್ತು ಮಂದಿ, ಯುದ್ಧವೇ ಬೇಡ ಎನ್ನುತ್ತಿದ್ದರು. ಸಂಸತ್ತಿನ ಮುಂದೆ ಗೊತ್ತುವಳಿ ಬರುವ ಮೊದಲೇ ಇಸ್ಕೆಂದರುನ್‌ನಿಂದ ಅಮೆರಿಕದ ಸಾಮಾನು ಹೊತ್ತ ಲಾರಿಗಳು ಗಡಿಯ ಕಡೆ ಹೊರಟದ್ದನ್ನು ಜನ ಟಿವಿಯಲ್ಲಿ ನೋಡಿದರು. ನಿಶ್ಚಿತಾರ್ಥಕ್ಕೆ ಮೊದಲೇ ಬೀಗರು ಮನೆಯೊಳಗೆ ಬಂದು ಪಾತ್ರೆ ಜೋಡಿಸಿದಂತಾಯಿತು.

ಆಮೇಲೆ ಶುರುವಾಯಿತು ಕೆಂಡ ದಾಟಿಸುವ ಆಟ. ರಾಷ್ಟ್ರಾಧ್ಯಕ್ಷ ಸೆಜರ್ ಮೊದಲು ಸಂವಿಧಾನ ನ್ಯಾಯಾಲಯದ ಮುಖ್ಯಸ್ಥರಾಗಿದ್ದವರು. ವಿದೇಶಿ ಸೇನೆಯನ್ನು ಒಳಗೆ ಬಿಡಬೇಕಾದರೆ ಅಂತರರಾಷ್ಟ್ರೀಯ ಕಾನೂನಿನ ಸಮ್ಮತಿ ಇರಬೇಕು ಎನ್ನುವ 92ನೇ ವಿಧಿಯನ್ನು ತೋರಿಸಿ, ವಿಶ್ವಸಂಸ್ಥೆಯ ಹೊಸ ನಿರ್ಣಯ ಎಲ್ಲಿ ಎಂದು ಕೇಳಿದರು. ಸೇನೆಗೆ ಉತ್ತರ ಇರಾಕಿಗೆ ಹೋಗುವುದು ಬೇಕಿತ್ತು. ಆದರೆ ಜನಕ್ಕೆ ಬೇಡವಾದ ಯುದ್ಧಕ್ಕೆ ಸೇನೆ ದೂಡಿತು ಎನಿಸಿಕೊಳ್ಳುವುದು ಬೇಕಿರಲಿಲ್ಲ. ಅದರಲ್ಲೂ ಇಸ್ಲಾಮಿ ಬೇರಿನದೆಂದು ತಮಗೆ ಹಿಡಿಸದ ಎಕೆಪಿಯನ್ನು ಈ ಪೇಚಿನಿಂದ ಪಾರುಮಾಡುವ ತವಕ ಸೇನಾಪತಿಗಳಿಗೇಕೆ? ಸರ್ಕಾರವೋ ಸೇನೆಯ ಬಾಯಿಂದ ಒಂದು ‘ಹೌದು’ ಹೊರಟರೆ ಅದರ ಹಿಂದೆ ನಿಲ್ಲೋಣವೆಂದು ಕಾಯುತ್ತಿತ್ತು. ಫೆಬ್ರುವರಿ 27ಕ್ಕೆ ಇದ್ದ ಮತದಾನವನ್ನು ಮುಂದೂಡಿ 28ರ ರಾಷ್ಟ್ರೀಯ ಭದ್ರತಾ ಮಂಡಳಿಯ ಸಭೆಗೆ ಕಾದದ್ದು ಅದಕ್ಕೇ.

ಆ ತಾರೀಖಿನ ವ್ಯಂಗ್ಯ ನೋಡಿ. ಸರಿಯಾಗಿ ಆರು ವರ್ಷದ ಹಿಂದೆ, 1997ರ ಫೆಬ್ರುವರಿ 28ರಂದು, ಇದೇ ಮಂಡಳಿಯ ಮೇಜಿನಲ್ಲಿ ಸೇನಾಪತಿಗಳು ಒಂದು ಪಟ್ಟಿ ಮುಂದಿಟ್ಟು ಪ್ರಧಾನಿ ನೆಜ್ಮೆತ್ತಿನ್ ಎರ್ಬಕಾನರ ಪತನಕ್ಕೆ ನಾಂದಿ ಹಾಡಿದ್ದರು. ಆ ಸರ್ಕಾರದಲ್ಲಿ ಗುಲ್ ಸಚಿವರು. ಅಂದು ಕೇಳದೆಯೇ ಅಪ್ಪಣೆ ಕೊಟ್ಟ ಮಂಡಳಿ ಇಂದು ಕೇಳಿದರೂ ಬಾಯಿ ಬಿಡಲಿಲ್ಲ. ಗೊತ್ತುವಳಿಯ ಪರ ಶಿಫಾರಸಿಲ್ಲ, ವಿರುದ್ಧವೂ ಇಲ್ಲ.

ಮರುದಿನ ಎಕೆಪಿ ತನ್ನ ಸದಸ್ಯರಿಗೆ ಕಟ್ಟುಪಾಡು ಹಾಕಲಿಲ್ಲ. ನಮ್ಮ ಮಾತಿನಲ್ಲಿ ಹೇಳುವುದಾದರೆ ವಿಪ್ ಜಾರಿಯಾಗಲಿಲ್ಲ. ಎರ್ದೊಗಾನ್ ಪರವಾಗಿ ಮತ ಹಾಕಿ ಎಂದು ಒತ್ತಾಯಿಸಿದ್ದರು, ಆದರೆ ಅವರಿಗೆ ಸಭೆಯಲ್ಲಿ ಜಾಗವೇ ಇಲ್ಲ. ಉಪಪ್ರಧಾನಿ ಎರ್ತುಗ್ರುಲ್ ಯಾಲ್ಚಿನ್‌ಬಾಯಿರ್ ಬಹಿರಂಗವಾಗಿಯೇ ವಿರೋಧಿ. ಸ್ಪೀಕರ್ ಅರಿಂಚ್ ಅವರಿಗೂ ಗೊತ್ತುವಳಿ ರುಚಿಸಿರಲಿಲ್ಲ. ಲೆಕ್ಕ ಹಾಕಿದರೆ ಸುಮಾರು ಎಪ್ಪತ್ತು ಎಕೆಪಿ ಸದಸ್ಯರು ತಮ್ಮದೇ ಸರ್ಕಾರದ ವಿರುದ್ಧ ಮತ ಹಾಕಿರಬೇಕು. ಅವರಲ್ಲಿ ಮುಸ್ಲಿಂ ದೇಶದ ಮೇಲಿನ ದಾಳಿಗೆ ಹೆಗಲು ಕೊಡಲಾರೆವು ಎಂದ ಧರ್ಮನಿಷ್ಠರಿದ್ದರು. ತಮ್ಮ ಊರಿನ ಮೇಲೆಯೇ ಸೇನೆ ಹಾದುಹೋಗುವುದನ್ನು ನೆನೆದು ಹಿಂಜರಿದ ಆಗ್ನೇಯದವರಿದ್ದರು. ಅವರ ಜೊತೆಗೆ, ಎರ್ಬಕಾನರನ್ನು ಕೆಳಗಿಳಿಸಿದ ಸೇನೆಯನ್ನು ಆಗಲೂ ಕ್ಷಮಿಸಿರದವರು ಕೈ ಎತ್ತಿದ್ದು ಆ ಸೇನೆಯನ್ನು ಇಷ್ಟಪಡುತ್ತಿದ್ದ ಸಿಎಚ್‌ಪಿಯವರೊಂದಿಗೆ. ಒಂದೇ ‘ಇಲ್ಲ’ದೊಳಗೆ ಒಂದಕ್ಕೊಂದು ಸೇರದ ನಾಲ್ಕೈದು ‘ಇಲ್ಲ’ಗಳು. ಒಳಗಿನ ಒತ್ತಡ ಎಂದು ನಾವು ಒಂದೇ ಪದದಲ್ಲಿ ಹೇಳಿಬಿಡುವುದು ಬಿಡಿಸಿ ನೋಡಿದರೆ ಹೀಗಿರುತ್ತದೆ. ತಟಸ್ಥರಾದ ಆ 19 ಮಂದಿಯಂತೂ ಇಡೀ ಸರ್ಕಾರದ ಮನಸ್ಥಿತಿಯ ಪಡಿಯಚ್ಚು. ಹೌದೂ ಅನ್ನಲಿಲ್ಲ, ಇಲ್ಲವೂ ಅನ್ನಲಿಲ್ಲ. ಅವರ ಮೌನವೇ ಗೊತ್ತುವಳಿಯನ್ನು ಮುಳುಗಿಸಿತು.

ಸೋಮವಾರ ಇಸ್ತಾಂಬುಲ್ ಶೇರುಪೇಟೆ ಒಂದೇ ದಿನದಲ್ಲಿ ಶೇ 12ಕ್ಕೂ ಹೆಚ್ಚು ಕುಸಿಯಿತು. ಬುಧವಾರ, ಮಾರ್ಚ್ 5ರಂದು, ಮಹಾದಂಡನಾಯಕ ಹಿಲ್ಮಿ ಓಜ್ಕೋಕ್ ಬಾಯಿಬಿಟ್ಟರು. ಸರ್ಕಾರದ ಗೊತ್ತುವಳಿಯೇ ಸೇನೆಯ ಅಭಿಪ್ರಾಯವೂ ಆಗಿತ್ತು, ಕೆಟ್ಟದ್ದು ಮತ್ತು ಇನ್ನೂ ಕೆಟ್ಟದ್ದರ ನಡುವೆ ಆರಿಸಬೇಕಾಗಿತ್ತು ಎಂದರು. ನಾಲ್ಕು ದಿನ ಮುಂಚೆ ಹೇಳಿದ್ದರೆ ಮೂರು ಮತ ಸಿಗುತ್ತಿರಲಿಲ್ಲವೇ? ಬಹುಶಃ ಸಿಗುತ್ತಿತ್ತು. ಬಹುಶಃ ಅದಕ್ಕೇ ಹೇಳಲಿಲ್ಲ.

ಮಾರ್ಚ್ 9ರಂದು ಅದೇ ಸೀರ್ತ್‌ನ ಉಪಚುನಾವಣೆಯಲ್ಲಿ ಗೆದ್ದ ಎರ್ದೊಗಾನ್ 14ಕ್ಕೆ ಪ್ರಧಾನಿಯಾದರು. ಮಾರ್ಚ್ 20ರಂದು, ಯುದ್ಧ ಆರಂಭವಾದ ದಿನ, ಸಂಸತ್ತು ಅಮೆರಿಕದ ವಿಮಾನಗಳು ಟರ್ಕಿಯ ಆಕಾಶದಲ್ಲಿ ಹಾರಲು ಒಪ್ಪಿತು. 332 ಪರ, 202 ವಿರುದ್ಧ. ಅಷ್ಟು ಹೊತ್ತಿಗೆ ಕೋಟಿಗಟ್ಟಲೆ ಡಾಲರಿನ ಮಾತು ಮೇಜಿನಿಂದ ಎದ್ದುಹೋಗಿತ್ತು. ಕಡಲಲ್ಲಿ ಕಾದ ಹಡಗುಗಳು ಸೂಯೆಜ್ ಕಾಲುವೆ ದಾಟಿ ಕುವೈತಿಗೆ ಸುತ್ತಿಹೋದವು. ಮಾರ್ಚ್ 26ರಂದು ಅಮೆರಿಕದ ಪ್ಯಾರಾಚೂಟ್ ಸೈನಿಕರು ಉತ್ತರ ಇರಾಕಿನ ಬಾಶೂರಿನಲ್ಲಿ ಇಳಿದರು. ಅವರ ಜೊತೆ ಹೆಗಲೆಣೆಯಾಗಿ ನಡೆದವರು ಕುರ್ದ್ ಹೋರಾಟಗಾರರಾದ ಪೆಶ್‌ಮೆರ್ಗಾಗಳು. ಏಪ್ರಿಲ್ 10ಕ್ಕೆ ಕಿರ್ಕುಕ್ ಅವರ ಕೈ ಸೇರಿತು. ಟರ್ಕಿ ಹನ್ನೆರಡು ವರ್ಷದಿಂದ ಯಾವುದನ್ನು ತಡೆಯಬೇಕೆಂದಿತ್ತೋ ಅದು ಕಣ್ಣೆದುರೇ ನಡೆಯಿತು.

ಮೇ ತಿಂಗಳಲ್ಲಿ ವುಲ್ಫೊವಿಟ್ಜ್ ಟರ್ಕಿಯ ಟಿವಿ ವಾಹಿನಿಯೊಂದಕ್ಕೆ ಸಂದರ್ಶನ ಕೊಟ್ಟು, ಸೇನೆ ಗಟ್ಟಿಯಾದ ನಾಯಕತ್ವ ತೋರಿಸಲಿಲ್ಲವೆಂದು ಆಕ್ಷೇಪಿಸಿದರು. ಇರಾಕಿಗೆ ಪ್ರಜಾಪ್ರಭುತ್ವ ಕೊಡಿಸಲು ಹೊರಟವರು, ಇದ್ದ ಪ್ರಜಾಪ್ರಭುತ್ವದ ಕಿವಿ ಹಿಂಡಬೇಕಿತ್ತಲ್ಲ ಎಂದು ಪಕ್ಕದ ದೇಶದ ದಂಡನಾಯಕರನ್ನು ಕೇಳಿದಂತಾಯಿತು. ಜುಲೈ 4ರಂದು ಇರಾಕಿನ ಸುಲೈಮಾನಿಯಾದಲ್ಲಿ ಅಮೆರಿಕದ ಸೈನಿಕರು ಟರ್ಕಿಯ 11 ಸೈನಿಕರನ್ನು ಹಿಡಿದು, ಕೈದಿಗಳಂತೆ ತಲೆಗೆ ಚೀಲ ಹಾಕಿ ಒಯ್ದರು. ಎರಡು ದಿನಕ್ಕೂ ಹೆಚ್ಚು ಹೊತ್ತು ಬಿಡಲಿಲ್ಲ. ‘ಚೀಲದ ಪ್ರಕರಣ’ವನ್ನು ಟರ್ಕಿ ಇನ್ನೂ ಮರೆತಿಲ್ಲ.

ಅದೇ ಬೇಸಿಗೆಯಲ್ಲಿ ಅಮೆರಿಕದ ಕೋರಿಕೆ ದೆಹಲಿಗೂ ಬಂದಿತ್ತು. ಇರಾಕನ್ನು ಸಂಭಾಳಿಸಲು ಒಂದು ಡಿವಿಜನ್ ಸೈನ್ಯ ಕಳಿಸಿ ಎಂದು. ವಾಜಪೇಯಿ ಸರ್ಕಾರದೊಳಗೆ ಕಳಿಸೋಣ ಎನ್ನುವವರಿಗೆ ಕೊರತೆಯಿರಲಿಲ್ಲ. ಆದರೆ ಏಪ್ರಿಲಿನಲ್ಲೇ ಲೋಕಸಭೆ ಯುದ್ಧದ ವಿರುದ್ಧ ಸರ್ವಾನುಮತದ ನಿರ್ಣಯ ಮಾಡಿಯಾಗಿತ್ತು. ವಿರೋಧ ಪಕ್ಷಗಳಿಗೆ ‘ಖಂಡನೆ’ ಬೇಕು, ಸರ್ಕಾರಕ್ಕೆ ಅಷ್ಟು ಕಟುವಾಗಿರುವುದು ಬೇಡ; ಹಿಂದಿಯಲ್ಲಿ ‘ನಿಂದಾ’ ಎಂದು ಬರೆದು, ಇಂಗ್ಲಿಷಿನಲ್ಲಿ ವಿಷಾದದ ಕಡೆಗೆ ವಾಲುವ ಮೆದುವಾದ ಪದ ಇಟ್ಟು ಇಬ್ಬರೂ ಸಮಾಧಾನಪಟ್ಟರು. ಕನ್ನಡದ ನಿಂದೆಗೂ ಖಂಡನೆಗೂ ಇರುವ ದೂರ ಬಲ್ಲವರಿಗೆ ಈ ಜಾಣ್ಮೆಯ ಸವಿ ಗೊತ್ತಾದೀತು. ವರ್ಷದ ಕೊನೆಗೆ ಮಧ್ಯಪ್ರದೇಶ, ರಾಜಸ್ಥಾನಗಳಲ್ಲಿ ಚುನಾವಣೆ ಬೇರೆ. ಜುಲೈ 14ರಂದು ಸಂಪುಟದ ಭದ್ರತಾ ಸಮಿತಿ ಸೇರಿ, ವಿಶ್ವಸಂಸ್ಥೆಯ ಸ್ಪಷ್ಟ ಆದೇಶವಿದ್ದರೆ ಯೋಚಿಸುತ್ತೇವೆ ಎಂದು ಹೇಳಿ ಬಾಗಿಲು ಹಾಕಿತು. ಅಂಕಾರಾದಲ್ಲಿ ಆಕಸ್ಮಿಕದಂತೆ ಆದದ್ದನ್ನು ದೆಹಲಿ ತಾಳ್ಮೆಯಿಂದ, ಸಮಯ ದೂಡಿ ಮಾಡಿತು. ಭಾರತದ ಕರಾವಳಿಯಲ್ಲಿ ಯಾರ ಹಡಗೂ ಕಾದಿರಲಿಲ್ಲ, ಭಾರತದ ಗಡಿ ಇರಾಕಿಗೆ ಅಂಟಿರಲಿಲ್ಲ ಎಂಬುದನ್ನೂ ಹೇಳಬೇಕು. ದೂರ ಇರುವವನಿಗೆ ಜಾಣನಾಗುವುದು ಸುಲಭ.

ಟರ್ಕಿಯ ಕತೆಗೆ ಇನ್ನೂ ಒಂದು ತಿರುವಿದೆ. 2003ರ ಅಕ್ಟೋಬರ್ 7ರಂದು ಅದೇ ಸಂಸತ್ತು, ಇರಾಕಿಗೆ ಟರ್ಕಿಯ ಸೇನೆ ಕಳಿಸುವ ಗೊತ್ತುವಳಿಗೆ 358ಕ್ಕೆ 183ರಂತೆ ಒಪ್ಪಿತು. ಈ ಸಲ ಪಕ್ಷದ ಹಗ್ಗ ಬಿಗಿಯಾಗಿತ್ತು. ಆದರೆ ಬಾಗಿಲಿನ ಆಚೆಯವರು, ಇರಾಕಿನ ಆಡಳಿತ ಮಂಡಳಿಯವರು, ಅದರಲ್ಲೂ ಕುರ್ದರು, ನೀವು ಬರುವುದೇ ಬೇಡ ಎಂದರು. ಸೇನೆ ಹೋಗಲಿಲ್ಲ. ಯುದ್ಧದ ನಂತರ ಅಮೆರಿಕ ಕೊಡಲು ಒಪ್ಪಿದ 8.5 ಶತಕೋಟಿ ಡಾಲರ್ ಸಾಲವನ್ನು, ಉತ್ತರ ಇರಾಕಿಗೆ ಕಾಲಿಡಬಾರದೆಂಬ ಷರತ್ತಿನ ಕಾರಣಕ್ಕೆ, ಟರ್ಕಿ ಮುಟ್ಟಲೂ ಇಲ್ಲ.

2016ರಲ್ಲಿ, ಸಿರಿಯಾ ಹೊತ್ತಿ ಉರಿಯುತ್ತಿದ್ದಾಗ, ರಾಷ್ಟ್ರಾಧ್ಯಕ್ಷ ಎರ್ದೊಗಾನ್ ಮಾರ್ಚ್ 1ರ ಗೊತ್ತುವಳಿ ಬಿದ್ದದ್ದು ತಪ್ಪಾಯಿತು, ಅದೇ ತಪ್ಪು ಮತ್ತೆ ಆಗಬಾರದು ಎಂದರು. ಆ ವರ್ಷದ ಬೇಸಿಗೆಯಲ್ಲಿ ಟರ್ಕಿಯ ಸೇನೆ ಸಿರಿಯಾದ ಗಡಿ ದಾಟಿತು. ಮರುವರ್ಷದ ಜನಮತಗಣನೆಯಲ್ಲಿ ಶೇ 51ಕ್ಕಿಂತ ತುಸು ಹೆಚ್ಚು ಮತಗಳಿಂದ ಪ್ರಧಾನಿಯ ಹುದ್ದೆಯೇ ರದ್ದಾಗಿ ಅಧಿಕಾರವೆಲ್ಲ ರಾಷ್ಟ್ರಾಧ್ಯಕ್ಷರಲ್ಲಿ ಸೇರಿತು. 92ನೇ ವಿಧಿ ಇನ್ನೂ ಪುಸ್ತಕದಲ್ಲಿದೆ. ಸೇನೆ ಹೊರಗೆ ಹೋಗಬೇಕಾದಾಗಲೆಲ್ಲ ಅಂಕಾರಾದ ಸಂಸತ್ತಿನ ಮುಂದೆ ಈಗಲೂ ತೆಜ್ಕೆರೆ ಬರುತ್ತದೆ, ಮತ ಎಣಿಸುತ್ತಾರೆ. 2003ರ ಮಾರ್ಚ್ 1ರ ನಂತರ ಅಲ್ಲಿ ಅಂಥ ಗೊತ್ತುವಳಿ ಒಂದೂ ಬಿದ್ದಿಲ್ಲ.